ಅಗಸ್ಟಸ್‌ನ ತಾಯಿ ಅಟಿಯಾ: ಇತಿಹಾಸದಲ್ಲಿ ಇದ್ದವಳು, ಕಿರುತೆರೆಯಲ್ಲಿ ಕಂಡವಳು

2005ರಿಂದ 2007ರವರೆಗೆ ಎರಡು ಸೀಸನ್‌ಗಳಲ್ಲಿ ಬಂದ, ಎಚ್‌ಬಿಒ ಮತ್ತು ಬಿಬಿಸಿ ಜಂಟಿಯಾಗಿ ನಿರ್ಮಿಸಿದ ‘ರೋಮ್’ ಧಾರಾವಾಹಿ ನೋಡಿದವರು ಅಟಿಯಾಳನ್ನು ಮರೆಯುವುದು ಕಷ್ಟ. ಪಾಲಿ ವಾಕರ್ ಆ ಪಾತ್ರವನ್ನು ಅಷ್ಟು ಚೆನ್ನಾಗಿ ಮಾಡಿದ್ದಾರೆ. ಆಕೆ ಮಾರ್ಕ್ ಆಂಟನಿಯ ಪ್ರೇಯಸಿ, ಸೇನಾನಿ ಪಾಂಪೆಗೆ ಮದುವೆ ಮಾಡಿಕೊಡಲೆಂದು ಮಗಳ ಸಂಸಾರವನ್ನೇ ಮುರಿಯುವವಳು, ಬ್ರೂಟಸ್‌ನ ತಾಯಿ ಸರ್ವೀಲಿಯಾಳ ಮೇಲೆ ನಡುಬೀದಿಯಲ್ಲಿ ಆಳುಗಳನ್ನು ಬಿಡುವವಳು. ಇವುಗಳಲ್ಲಿ ಒಂದಕ್ಕೂ ಇತಿಹಾಸದ ಆಧಾರವಿಲ್ಲ.

ಆಧಾರ ಇರುವುದು ಇಷ್ಟಕ್ಕೆ. ಅಟಿಯಾಳ ತಂದೆ ಮಾರ್ಕಸ್ ಅಟಿಯಸ್ ಬಾಲ್ಬಸ್, ತಾಯಿ ಜೂಲಿಯಸ್ ಸೀಸರನ ಸೋದರಿ ಜೂಲಿಯಾ. ಅಂದರೆ ಸೀಸರ್ ಆಕೆಗೆ ಸೋದರಮಾವ. ಗಂಡ ಗೈಯಸ್ ಆಕ್ಟೇವಿಯಸ್. ಇವರ ಮಗಳು ಆಕ್ಟೇವಿಯಾ. ಕ್ರಿ.ಪೂ. 63ರ ಸೆಪ್ಟೆಂಬರ್ 23ರಂದು ಹುಟ್ಟಿದ ಮಗನೇ ಮುಂದೆ ರೋಮಿನ ಮೊದಲ ಚಕ್ರವರ್ತಿ ಅಗಸ್ಟಸ್ ಆದ ಆಕ್ಟೇವಿಯನ್. ಗಂಡ ತೀರಿಕೊಂಡ ಮೇಲೆ ಆಕೆ ಲೂಸಿಯಸ್ ಮಾರ್ಸಿಯಸ್ ಫಿಲಿಪ್ಪಸ್‌ನನ್ನು ಮದುವೆಯಾದಳು. ಅವನು ಕ್ರಿ.ಪೂ. 56ರ ಕಾನ್ಸಲ್, ಅಂದರೆ ಆ ವರ್ಷ ರೋಮಿನ ಇಬ್ಬರು ಅತ್ಯುನ್ನತ ಅಧಿಕಾರಿಗಳಲ್ಲಿ ಒಬ್ಬ. ಧಾರಾವಾಹಿಯಲ್ಲಿ ಈ ಎರಡನೆಯ ಗಂಡನ ಸುಳಿವೇ ಇಲ್ಲ. ಅವನನ್ನು ತೆಗೆದುಹಾಕಿದ್ದರಿಂದಲೇ ಆಂಟನಿಗೆ ಆ ಮನೆಯಲ್ಲಿ ಜಾಗ ಸಿಕ್ಕಿತು.

ತೆರೆಯ ಮೇಲೆ ಆಕೆ ‘ಜೂಲಿಯಸ್ ಕುಲದ ಅಟಿಯಾ’. ರೋಮನ್ ಪದ್ಧತಿಯಲ್ಲಿ ಇದು ಸಲ್ಲದು. ಅಲ್ಲಿ ಹೆಣ್ಣುಮಗಳು ತಂದೆಯ ಕುಲಕ್ಕೆ ಸೇರಿದವಳು. ಆಕೆಯ ತಾಯಿ ಜೂಲಿಯಸ್ ಕುಲದವಳು, ಆಕೆ ಅಟಿಯಸ್ ಕುಲದವಳು. ತಂದೆಯ ಮನೆತನ ರೋಮಿನ ಪಕ್ಕದ ಅರಿಸಿಯಾ ಎಂಬ ಸಣ್ಣ ಊರಿನದು. ಇದನ್ನೇ ಹಿಡಿದು ಆಂಟನಿ ಹಂಗಿಸುತ್ತಿದ್ದ. ಆಕ್ಟೇವಿಯನ್ನನ ತಾಯಿ ಅರಿಸಿಯಾದವಳು ಎಂಬ ಅವನ ಕುಹಕಕ್ಕೆ ವಾಗ್ಮಿ ಸಿಸೆರೊ ಕ್ರಿ.ಪೂ. 44ರ ಡಿಸೆಂಬರಿನಲ್ಲಿ ಸೆನೆಟ್ಟಿನಲ್ಲೇ ಉತ್ತರ ಕೊಟ್ಟ. ಅಟಿಯಾಳ ಅಜ್ಜ ಆಫ್ರಿಕಾದವನು, ಅರಿಸಿಯಾದಲ್ಲಿ ಸುಗಂಧದ್ರವ್ಯದ ಅಂಗಡಿ, ಆಮೇಲೆ ರೊಟ್ಟಿ ಅಂಗಡಿ ಇಟ್ಟುಕೊಂಡಿದ್ದ ಎಂದೂ ಆಂಟನಿ ಆಡಿಕೊಂಡದ್ದನ್ನು ಚಕ್ರವರ್ತಿಗಳ ಚರಿತ್ರೆ ಬರೆದ ಸ್ಯೂಟೋನಿಯಸ್ ದಾಖಲಿಸಿದ್ದಾನೆ. ಧಾರಾವಾಹಿಯ ಪ್ರೇಮಿಗಳ ನಡುವೆ ನಿಜಕ್ಕೂ ಉಳಿದಿರುವ ಮಾತುಕತೆ ಇದೊಂದೇ.

ಆಕೆಯ ಚಿತ್ರವನ್ನು ಮೊದಲು ಬಣ್ಣ ಕಟ್ಟಿ ಬರೆದವರು ಮಗನ ಕಡೆಯವರು. ಡಮಾಸ್ಕಸ್‌ನ ನಿಕೊಲಾಸ್ ಬರೆದ ಅಗಸ್ಟಸ್‌ನ ಚರಿತ್ರೆಯಲ್ಲಿ ಅಟಿಯಾ ಮಗನನ್ನು ಕಣ್ಣಿಟ್ಟು ಕಾಯುವ ತಾಯಿ. ಪ್ರಾಯಕ್ಕೆ ಬಂದು ವಯಸ್ಕರ ಟೋಗ ಉಟ್ಟ ಮೇಲೂ ಅವನ ಊಟ, ನಿದ್ರೆ, ಓಡಾಟ ಹಿಂದಿನ ಕಟ್ಟುಪಾಡಿನಲ್ಲೇ ನಡೆಯಬೇಕಿತ್ತು. ಸೀಸರನ ಜತೆ ಆಫ್ರಿಕಾದ ಯುದ್ಧಕ್ಕೆ ಹೋಗುತ್ತೇನೆಂದಾಗ ಆಕೆ ಬಿಡಲಿಲ್ಲ. ಧಾರಾವಾಹಿಯ ಅಟಿಯಾ ಇದಕ್ಕೆ ತದ್ವಿರುದ್ಧ: ಮಗ ಬೇಗ ಗಂಡಸಾಗಲಿ ಎಂದು ಸೈನಿಕನ ಕೈಗೆ ಒಪ್ಪಿಸುತ್ತಾಳೆ. ಮುಂದೆ ಇತಿಹಾಸಕಾರ ಟ್ಯಾಸಿಟಸ್‌ನ ಕೃತಿಯಲ್ಲಿ ಆಕೆ ಮಕ್ಕಳನ್ನು ಬೆಳೆಸಿದ ಆದರ್ಶ ತಾಯಂದಿರ ಪಂಕ್ತಿಗೆ ಸೇರುತ್ತಾಳೆ. ಸ್ಯೂಟೋನಿಯಸ್‌ನ ಹೊತ್ತಿಗಂತೂ ಪುರಾಣವೇ ಹುಟ್ಟಿಕೊಂಡಿತ್ತು: ಅಪೊಲೊ ದೇವಾಲಯದಲ್ಲಿ ನಿದ್ದೆಹೋಗಿದ್ದಾಗ ಹಾವು ಬಳಿಬಂದು ಹೋಯಿತು, ಮೈಮೇಲೆ ಹಾವಿನಾಕಾರದ ಮಚ್ಚೆ ಮೂಡಿತು, ಅದು ಹೋಗದ ಕಾರಣ ಆಕೆ ಸಾರ್ವಜನಿಕ ಸ್ನಾನಗೃಹಕ್ಕೆ ಕಾಲಿಡಲಿಲ್ಲ, ಹತ್ತನೆಯ ತಿಂಗಳಲ್ಲಿ ಹುಟ್ಟಿದ ಮಗ ಅಪೊಲೊನ ಮಗ. ಚಕ್ರವರ್ತಿಗೆ ದೈವಾಂಶ ಬೇಕಿತ್ತು, ತಾಯಿಯ ಮೈ ಅದಕ್ಕೆ ಸಾಕ್ಷಿಯಾಯಿತು. ಕಿರುತೆರೆಗಿಂತ ಎಷ್ಟೋ ಮೊದಲೇ ಆಕೆಯನ್ನು ಬೇಕಾದಂತೆ ಬಳಸಿಕೊಂಡಿದ್ದರು.

ಮೊದಲ ಕಂತಿನಲ್ಲಿ ಮಗನ ಸುರಕ್ಷೆಗಾಗಿ ಅಟಿಯಾ ಹೋರಿಯ ರಕ್ತದಲ್ಲಿ ಮೀಯುವ ದೃಶ್ಯವಿದೆ. ಈ ವಿಧಿಯ ವಿವರ ಸಿಗುವುದು ಪ್ರುಡೆನ್ಷಿಯಸ್ ಎಂಬ ಕ್ರೈಸ್ತ ಕವಿಯಲ್ಲಿ. ಗುಂಡಿ ತೋಡಿ, ಮೇಲೆ ಸಂದು ಬಿಟ್ಟು ಹಲಗೆ ಹಾಸಿ, ಹಲಗೆಗೂ ತೂತು ಕೊರೆದು, ಮೇಲೆ ನಿಲ್ಲಿಸಿದ ಹೋರಿಯ ಎದೆಗೆ ಈಟಿ ಚುಚ್ಚಿದರೆ ರಕ್ತ ಕೆಳಗೆ ನಿಂತ ಪುರೋಹಿತನ ಮೇಲೆ ಸುರಿಯುತ್ತದೆ. ಆ ಕವಿ ಬರೆದದ್ದು ಕ್ರಿ.ಶ. 400ರ ಆಸುಪಾಸಿನಲ್ಲಿ, ಅದೂ ಹಳೆಯ ಧರ್ಮವನ್ನು ಹಳಿಯಲು. ದೃಶ್ಯದ ಕಥಾಕಾಲ ಕ್ರಿ.ಪೂ. 52. ನಡುವೆ ನಾನೂರೈವತ್ತು ವರ್ಷಗಳ ಅಂತರ.

ಹಾಗಾದರೆ ತೆರೆಯ ಅಟಿಯಾ ಯಾರು? ಕ್ರಿ.ಪೂ. 56ರ ಮೊಕದ್ದಮೆಯೊಂದರಲ್ಲಿ ಸಿಸೆರೊ ಕ್ಲೋಡಿಯಾ ಎಂಬ ದೊಡ್ಡ ಮನೆತನದ ಹೆಂಗಸಿನ ಮೇಲೆ ಹೊರಿಸಿದ ಸ್ವೇಚ್ಛಾಚಾರದ ಆರೋಪಗಳು ಒಂದು ಪಾಲು, ಆಂಟನಿಯ ನಿಜವಾದ ಹೆಂಡತಿ ಫುಲ್ವಿಯಾ ಇನ್ನೊಂದು ಪಾಲು ಎಂಬುದು ನಮ್ಮ ಎಣಿಕೆ. ಧಾರಾವಾಹಿ ಫುಲ್ವಿಯಾಳನ್ನು ಕೈಬಿಟ್ಟದ್ದು ದೊಡ್ಡ ನಷ್ಟ. ಕ್ರಿ.ಪೂ. 41ರಲ್ಲಿ ಆಕ್ಟೇವಿಯನ್ನನ ವಿರುದ್ಧ ಆಂಟನಿಯ ತಮ್ಮನ ಜತೆ ಯುದ್ಧಕ್ಕಿಳಿದವಳು ಆಕೆ. ಆ ಯುದ್ಧದಲ್ಲಿ ನಡೆದ ಪೆರೂಜಿಯಾ ಊರಿನ ಮುತ್ತಿಗೆಯ ಕವಣೆಯ ಸೀಸದ ಗುಂಡುಗಳಲ್ಲಿ ಕೆಲವು ಇಂದಿಗೂ ಉಳಿದಿವೆ. ಅವುಗಳ ಮೇಲೆ ಆಕೆಯ ಹೆಸರು ಕೆತ್ತಿ ಅಶ್ಲೀಲ ಬೈಗುಳ ಬರೆದಿದ್ದಾರೆ. ಶತ್ರು ಸೈನಿಕರು ಆಕೆಯನ್ನು ಅಷ್ಟು ಗಂಭೀರವಾಗಿ ತೆಗೆದುಕೊಂಡಿದ್ದರು.

ಕಾಲಕ್ರಮದ ತೊಡಕು ಇನ್ನೂ ದೊಡ್ಡದು. ಕ್ರಿ.ಪೂ. 43ರಲ್ಲಿ ಆಕ್ಟೇವಿಯನ್ ಸೈನ್ಯದೊಡನೆ ರೋಮಿನತ್ತ ಬಂದಾಗ ಸೆನೆಟ್ ಅಟಿಯಾ ಮತ್ತು ಆಕ್ಟೇವಿಯಾರನ್ನು ಒತ್ತೆಯಾಗಿ ಹಿಡಿಯಲು ಹುಡುಕಾಡಿತು. ಅವರು ವೆಸ್ಟಾ ದೇವಿಯ ಕನ್ಯಾ ಅರ್ಚಕಿಯರ ಬಳಿ ಅಡಗಿದ್ದರು. ಎಂಥ ಕಂತಾಗಬಹುದಿತ್ತು! ಆಗಸ್ಟ್ 19ರಂದು ಮಗ ಕಾನ್ಸಲ್ ಆದ, ಆ ಅಧಿಕಾರಾವಧಿಯಲ್ಲೇ ತಾಯಿ ತೀರಿಕೊಂಡಳು, ಸರ್ಕಾರದ ಖರ್ಚಿನಲ್ಲಿ ಅಂತ್ಯಸಂಸ್ಕಾರವಾಯಿತು. ಆಕ್ಟೇವಿಯಾ ಆಂಟನಿಯನ್ನು ಮದುವೆಯಾದದ್ದು ಕ್ರಿ.ಪೂ. 40ರಲ್ಲಿ. ಆದ್ದರಿಂದ ಎರಡನೆಯ ಸೀಸನ್ನಿನಲ್ಲಿ ಆಕ್ಟೇವಿಯನ್ನನ ಮೊದಲ ಕಾನ್ಸಲ್‌ಗಿರಿಯ ನಂತರ ಅಟಿಯಾ ಕಾಣಿಸುವ ಪ್ರತಿ ದೃಶ್ಯವೂ ಕಲ್ಪನೆ.

ಹೆಚ್ಚು ಅನ್ಯಾಯವಾದದ್ದು ಸರ್ವೀಲಿಯಾಳಿಗೆ ಎನ್ನಬೇಕು. ಧಾರಾವಾಹಿಯಲ್ಲಿ ಆಕೆ ಶಾಪ ಹಾಕಿ, ಅಟಿಯಾಳ ಬಾಗಿಲೆದುರು ಇರಿದುಕೊಂಡು ಸಾಯುತ್ತಾಳೆ. ಇತಿಹಾಸದಲ್ಲಿ ಮಗ ಬ್ರೂಟಸ್ ಸತ್ತ ಮೇಲೂ ಬದುಕಿದ್ದಳು. ಕ್ರಿ.ಪೂ. 44ರ ಜೂನ್‌ನಲ್ಲಿ ಆಂಟಿಯಂ ಊರಲ್ಲಿ ಸೇರಿದ ಸಭೆಯ ವಿವರ ಸಿಸೆರೊನ ಪತ್ರದಲ್ಲಿದೆ. ಸೀಸರನನ್ನು ಕೊಂದ ಬ್ರೂಟಸ್, ಕ್ಯಾಸಿಯಸ್‌ರನ್ನು ದೂರವಿಡಲು ಸೆನೆಟ್ ಅವರಿಗೆ ಏಷ್ಯಾ, ಸಿಸಿಲಿಗಳಿಂದ ಧಾನ್ಯ ತರಿಸುವ ಕೆಲಸ ಅಂಟಿಸಿತ್ತು. ಕೈತಪ್ಪಿದ ಅವಕಾಶಗಳ ಬಗ್ಗೆ ಸಿಸೆರೊ ಉಪದೇಶ ಶುರು ಮಾಡಿದಾಗ ಸರ್ವೀಲಿಯಾ, ಇಂಥ ಮಾತು ಯಾರ ಬಾಯಲ್ಲೂ ಕೇಳಿಲ್ಲ ಎಂದು ತಡೆದಳು. ಸಿಸೆರೊ ಸುಮ್ಮನಾದ. ಆ ಧಾನ್ಯದ ಕೆಲಸವನ್ನು ಸೆನೆಟ್ಟಿನ ನಿರ್ಣಯದಿಂದಲೇ ತೆಗೆಸಿಹಾಕುತ್ತೇನೆ ಎಂದು ಭರವಸೆ ಕೊಟ್ಟವಳೂ ಆಕೆಯೇ.