ಅದು ದಿಕ್ಸೂಚಿ ಅಲ್ಲ ಕಣ್ರೀ

ಪ್ರಶ್ನೆ: "ಮಿಸ್, ಲೈರಾ ಆ ಚಿನ್ನದ ದಿಕ್ಸೂಚಿ ಹಿಡ್ಕೊಂಡು ಒಂದು ಲೋಕದಿಂದ ಇನ್ನೊಂದು ಲೋಕಕ್ಕೆ ದಾರಿ ಹೇಗೆ ಹುಡುಕ್ತಾಳೆ?"

ಬಸವನಗುಡಿಯ ನಮ್ಮ ಮನೆಗೆ ಮ್ಯಾಥ್ಸ್ ಟ್ಯೂಷನ್‌ಗೆ ಬರುವ ಮಕ್ಕಳು ಹೋಗುವಾಗ ಕಪಾಟಿನಿಂದ ಒಂದು ಕಥೆಪುಸ್ತಕ ಒಯ್ಯಬಹುದು. ಈ ನಿಯಮ ಮಾಡಿದವಳು ನಾನೇ. ಹಾಗಾಗಿ ತಿಂಗಳಿಗೊಂದು ಸಲ ಈ ಪ್ರಶ್ನೆಗೆ ಸಿಕ್ಕಿಹಾಕಿಕೊಳ್ಳುವವಳೂ ನಾನೇ. ಲೈರಾ ಅಂದರೆ ಫಿಲಿಪ್ ಪುಲ್ಮನ್ ಬರೆದ ಮೂರು ಕಥೆಪುಸ್ತಕಗಳ ಸರಣಿಯ ನಾಯಕಿ. ಅದರ ಮೊದಲ ಪುಸ್ತಕದಿಂದ ಮಾಡಿದ 2007ರ 'ದಿ ಗೋಲ್ಡನ್ ಕಂಪಾಸ್' ಸಿನಿಮಾ ನೋಡಿದ ಅಪ್ಪಂದಿರಂತೂ ಗೇಟಿನ ಹತ್ತಿರ ಸ್ಕೂಟರ್ ಮೇಲೆ ಕೂತೇ ಕೇಳುತ್ತಾರೆ. ಸಾಕಾಯಿತು. ಬರೆದಿಡುತ್ತೇನೆ.

ಚಿಕ್ಕ ಉತ್ತರ: ಆ ಯಂತ್ರದ ಹೆಸರು ಅಲೀಥಿಯೋಮೀಟರ್. ಗ್ರೀಕ್‌ನಲ್ಲಿ ಅಲೀಥಿಯಾ ಅಂದರೆ ಸತ್ಯ. ಕೇಳಿದ್ದಕ್ಕೆ ನಿಜ ಹೇಳುವುದು ಅದರ ಕೆಲಸ. ಲೋಕದಿಂದ ಲೋಕಕ್ಕೆ ಕಿಂಡಿ ಕೊರೆಯುವುದು ವಿಲ್ ಎಂಬ ಹುಡುಗನ ಕೈಯಲ್ಲಿರುವ ಚಾಕು. ಅದು ಬರುವುದು ಎರಡನೇ ಪುಸ್ತಕದಲ್ಲಿ. ಒಂದು ಅಲಗು ಎಂಥ ವಸ್ತುವನ್ನಾದರೂ ಕತ್ತರಿಸುತ್ತದೆ, ಇನ್ನೊಂದು ಗಾಳಿಯಲ್ಲೇ ಕಿಂಡಿ ಮಾಡುತ್ತದೆ. ಹಾಗಾದರೆ ಚಾಕು ಸಿಗುವ ಮೊದಲು ಲೈರಾ ಬೇರೆ ಲೋಕಕ್ಕೆ ಹೇಗೆ ಹೋದಳು? ಅವಳ ಅಪ್ಪ ತೆರೆದ ದಾರಿಯಲ್ಲಿ. ಅವನು ಅದನ್ನು ಹೇಗೆ ತೆರೆದ ಅಂತ ಹೇಳಲ್ಲ, ಓದಿ.

ಈಗ ನನ್ನ ಜೀವ ತಿನ್ನುವ ವಿಷಯಕ್ಕೆ ಬರೋಣ. ಅದು ದಿಕ್ಸೂಚಿ ಅಂತ ಎಲ್ಲರ ತಲೆಗೆ ಹೊಕ್ಕಿದ್ದು ಹೇಗೆ?

ಪುಲ್ಮನ್ ಬರೆದ ಈ ಸರಣಿಯ ಮೊದಲ ಪುಸ್ತಕ 1995ರಲ್ಲಿ ಇಂಗ್ಲೆಂಡಿನಲ್ಲಿ ಬಂತು, 'ನಾರ್ದರ್ನ್ ಲೈಟ್ಸ್' ಅನ್ನುವ ಹೆಸರಲ್ಲಿ. ಮೂರು ಪುಸ್ತಕಕ್ಕೂ ಸೇರಿಸಿ ಇಡಬೇಕು ಅಂತಿದ್ದ ಹೆಸರು 'ದಿ ಗೋಲ್ಡನ್ ಕಂಪಾಸಸ್'. ಅದು ಮಿಲ್ಟನ್ ಕವಿಯ 'ಪ್ಯಾರಡೈಸ್ ಲಾಸ್ಟ್' ಕಾವ್ಯದಿಂದ ಬಂದ ಮಾತು. 1667ರ ಆ ಕಾವ್ಯದಲ್ಲಿ ದೇವರು ಚಿನ್ನದ ಕಂಪಾಸ್ ಕೈಗೆ ತಗೊಂಡು, ಒಂದು ಕಾಲು ಊರಿ, ಇನ್ನೊಂದನ್ನು ಸುತ್ತ ತಿರುಗಿಸಿ ಜಗತ್ತಿಗೆ ಗಡಿ ಬರೆಯುತ್ತಾನೆ. ಅಂದರೆ ಏನು? ಕೈವಾರ! ವೃತ್ತ ಬರೆಯುವ ಕೈವಾರ. ಅಮೆರಿಕದ ಪ್ರಕಾಶಕರು ಅದನ್ನು ದಿಕ್ಸೂಚಿ ಅಂದುಕೊಂಡರು. ಲೈರಾಳ ಕೈಯಲ್ಲಿರುವ ದುಂಡನೆಯ, ಮುಳ್ಳುಗಳಿರುವ ಯಂತ್ರವೇ ಇರಬೇಕು ಅಂತ ತೀರ್ಮಾನಿಸಿ, ಬಹುವಚನ ತೆಗೆದು, ಮೊದಲ ಪುಸ್ತಕಕ್ಕೇ 'ದಿ ಗೋಲ್ಡನ್ ಕಂಪಾಸ್' ಅನ್ನುವ ಹೆಸರು ಅಂಟಿಸಿದರು. ಸಿನಿಮಾದವರೂ ಅದನ್ನೇ ಎತ್ತಿಕೊಂಡರು. ನಮ್ಮ ಹುಡುಗನೊಬ್ಬನ ಅಪ್ಪ ಒಂದು ಹೆಸರಿನದನ್ನು ಚರ್ಚ್ ಸ್ಟ್ರೀಟಿನಲ್ಲಿ, ಇನ್ನೊಂದು ಹೆಸರಿನದನ್ನು ಅವೆನ್ಯೂ ರೋಡಿನಲ್ಲಿ ಕೊಂಡು, ಭಾಗ ಒಂದು, ಭಾಗ ಎರಡು ಅಂತ ತಂದುಕೊಟ್ಟಿದ್ದರು. ಎರಡೂ ಒಂದೇ ಪುಸ್ತಕ!

ಇಂಗ್ಲಿಷಿನವರು ಎಡವಿದರೆ ಸರಿ, ಅವರಿಗೆ ಎರಡಕ್ಕೂ ಒಂದೇ ಪದ. ನಮಗೆ ದಿಕ್ಸೂಚಿ ಬೇರೆ, ಕೈವಾರ ಬೇರೆ. ಗಾಂಧಿ ಬಜಾರಿನ ಅಂಗಡಿಯಲ್ಲಿ "ಕಂಪಾಸ್ ಬಾಕ್ಸ್ ಕೊಡಿ" ಅಂದರೆ ಯಾರಾದರೂ ಉತ್ತರ ದಿಕ್ಕು ತೋರಿಸುವ ಡಬ್ಬಿ ಕೊಡ್ತಾರಾ? ಹೋದ ವಾರ ಒಬ್ಬಳ ಡಬ್ಬಿಯಿಂದಲೇ ಕೈವಾರ ತೆಗೆದು ಮೇಜಿನ ಮೇಲಿಟ್ಟೆ. ತಿರುಪು ಸಡಿಲ, ಪೆನ್ಸಿಲ್ ಹೆಬ್ಬೆರಳಿನಷ್ಟು. ಆದರೂ ವೃತ್ತ ಕೂಡಿತು. "ಮಿಲ್ಟನ್ ಹೇಳಿದ್ದು ಇದನ್ನೇ" ಅಂದೆ. ಆಚೆ ಕೂತಿದ್ದ ಹುಡುಗ, "ಕೈವಾರ ಅಂದ್ರೆ ತಾತಯ್ಯನ ಊರಲ್ವಾ ಮಿಸ್?" ಅಂದ. ಚಿಂತಾಮಣಿ ಕಡೆಯವನು, ಬಿಡಿ.

ಇನ್ನು ಯಂತ್ರದ ವಿಷಯ. ಸುತ್ತಲೂ 36 ಚಿತ್ರ. ಮೂರು ಮುಳ್ಳುಗಳನ್ನು ನಾವು ತಿರುಗಿಸಿ ಮೂರು ಚಿತ್ರಗಳ ಮೇಲೆ ನಿಲ್ಲಿಸಬೇಕು. ಅದೇ ಪ್ರಶ್ನೆ. ನಾಲ್ಕನೆಯದು ತಾನಾಗಿ ಓಡಾಡಿ ಉತ್ತರ ಹೇಳುತ್ತದೆ. ತೊಂದರೆ ಏನಪ್ಪಾ ಅಂದರೆ, ಒಂದೊಂದು ಚಿತ್ರಕ್ಕೂ ಅರ್ಥದ ಮೇಲೆ ಅರ್ಥ. ಮರಳು ಗಡಿಯಾರಕ್ಕೆ ಕಾಲ ಅನ್ನುವ ಅರ್ಥ ಇದೆ, ಸಾವು ಅನ್ನುವ ಅರ್ಥವೂ ಇದೆ. ದೊಡ್ಡವರು ದಪ್ಪ ದಪ್ಪ ಪುಸ್ತಕ ತಿರುವಿಹಾಕಿ ಓದಬೇಕು. ಲೈರಾ ಮಾತ್ರ ಸುಮ್ನೆ ನೋಡಿ ಹೇಳಿಬಿಡುತ್ತಾಳೆ. ಕೊನೆಗೆ ದೊಡ್ಡವಳಾಗುತ್ತಿದ್ದ ಹಾಗೆ ಅವಳಿಗೂ ಅದು ಕೈಬಿಡುತ್ತದೆ. ಮತ್ತೆ ಮೊದಲಿಂದ ಕಲಿಯಬೇಕು. ಮಗ್ಗಿ ಬಾಯಿಪಾಠ ಮಾಡದೆ ಲೆಕ್ಕ ಬಿಡಿಸುವ ಮಕ್ಕಳು ಒಂಬತ್ತನೇ ಕ್ಲಾಸಿಗೆ ಬಂದಾಗ ಆಗುವುದೂ ಇದೇ.

ನಮ್ಮ ಕಥೆಗಳಲ್ಲಿ ಇಂಥ ಮಾಯಾವಸ್ತು ಇರಲಿಲ್ವಾ ಅಂತ ಇದುವರೆಗೂ ಒಬ್ಬರೂ ಕೇಳಿಲ್ಲ. ಕೇಳಬೇಕಿತ್ತು. 11ನೇ ಶತಮಾನದಲ್ಲಿ ಸೋಮದೇವ ಬರೆದ 'ಕಥಾಸರಿತ್ಸಾಗರ'ದಲ್ಲಿ ಪುತ್ರಕ ಅನ್ನುವವನಿದ್ದಾನೆ. ಮಯಾಸುರನ ಮಕ್ಕಳಿಬ್ಬರು ಒಂದು ಪಾತ್ರೆ, ಒಂದು ಕೋಲು, ಒಂದು ಜೊತೆ ಪಾದುಕೆಗಾಗಿ ಬಡಿದಾಡುತ್ತಿರುತ್ತಾರೆ. ಪಾತ್ರೆ ಬೇಕಾದ ಊಟ ಕೊಡುತ್ತದೆ. ಪಾದುಕೆ ಮೆಟ್ಟಿದರೆ ಆಕಾಶದಲ್ಲಿ ಹಾರಬಹುದು. ಕೋಲಿನಲ್ಲಿ ಏನು ಬರೆದರೂ ನಿಜವಾಗುತ್ತದೆ. "ಓಡಿ, ಗೆದ್ದವನಿಗೆ ಎಲ್ಲ" ಅಂತ ಅವರನ್ನು ಓಡಿಸಿ, ಈ ಪುಣ್ಯಾತ್ಮ ಪಾದುಕೆ ಮೆಟ್ಟಿ, ಉಳಿದದ್ದನ್ನೂ ಎತ್ತಿಕೊಂಡು ಹಾರಿಬಿಟ್ಟ! ಆಮೇಲೆ ಪಾಟಲಿ ಎಂಬ ರಾಜಕುಮಾರಿಯನ್ನು ಕರೆದುಕೊಂಡು ಗಂಗೆಯ ದಡದಲ್ಲಿ ಇಳಿದು, ಆ ಕೋಲಿನಿಂದ ನೆಲದ ಮೇಲೆ ಒಂದು ಊರು ಬರೆದ. ಕಥೆಯ ಪ್ರಕಾರ ಪಾಟಲಿಪುತ್ರ ಹುಟ್ಟಿದ್ದು ಹಾಗೆ. ಮಿಲ್ಟನ್ ದೇವರು ಕೈವಾರದಲ್ಲಿ ಮಾಡಿದ್ದನ್ನು ಇವನು ಬರೀ ಕೋಲಿನಲ್ಲಿ ಮಾಡಿದ್ದ, ಅದೂ ಆರುನೂರು ವರ್ಷ ಮೊದಲೇ.

'ಕಥಾಸರಿತ್ಸಾಗರ'ವೂ ಕಪಾಟಿನಲ್ಲೇ ಇದೆ, ಮೇಲಿನ ಸಾಲಿನಲ್ಲಿ. ಸ್ಟೂಲ್ ಹಾಕಿಕೊಳ್ಳಿ, ಒಂದು ಕಾಲು ಅಲ್ಲಾಡುತ್ತೆ.