ಶೇ 45 ಅಂಗವಿಕಲತೆ ಅಂದರೆ ಶೇ 45 ಗಳಿಕೆ ನಷ್ಟ ಅಲ್ಲ

ಮೋಟಾರು ವಾಹನ ಅಪಘಾತ ಪರಿಹಾರದ ಪಾಠದಲ್ಲಿ ಜಾಸ್ತಿ ಜನ ಎಡವುವುದು ಒಂದೇ ಕಡೆ. ಡಾಕ್ಟರ್ ಸರ್ಟಿಫಿಕೇಟಿನಲ್ಲಿರುವ ಶೇಕಡಾವಾರನ್ನು ಹಾಗೇ ಎತ್ತಿಕೊಂಡು ಲೆಕ್ಕಕ್ಕೆ ಹಾಕಿಬಿಡುತ್ತಾರೆ. ದೇಹಕ್ಕೆ ಏನಾಗಿದೆ ಅಂತ ಡಾಕ್ಟರ್ ಹೇಳುತ್ತಾರೆ. ಅದರಿಂದ ಆ ಮನುಷ್ಯನ ದುಡಿಮೆಗೆ ಎಷ್ಟು ಪೆಟ್ಟು ಬಿತ್ತು ಅಂತ ತೀರ್ಮಾನ ಮಾಡಬೇಕಾದ್ದು ನ್ಯಾಯಮಂಡಳಿ. ಇಷ್ಟು ತಲೆಯಲ್ಲಿ ಕೂತರೆ ಉಳಿದದ್ದು ಬರೀ ಗುಣಾಕಾರ.

ಇದಕ್ಕೆ ಮೂಲ ತೀರ್ಪು ಸುಪ್ರೀಂ ಕೋರ್ಟ್ 2010ರ ಅಕ್ಟೋಬರಿನಲ್ಲಿ ಕೊಟ್ಟ ರಾಜ್ ಕುಮಾರ್ ವಿರುದ್ಧ ಅಜಯ್ ಕುಮಾರ್. ಶಾಶ್ವತ ಅಂಗವಿಕಲತೆ ಇದ್ದರೂ ಗಾಯಾಳು ಯಾವ ಕೆಲಸ ಮಾಡಬಲ್ಲ, ಯಾವುದು ಆಗುವುದಿಲ್ಲ? ಅಪಘಾತಕ್ಕೆ ಮುಂಚೆ ಅವನ ಕಸುಬು ಏನಿತ್ತು, ವಯಸ್ಸು ಎಷ್ಟು? ಈಗ ದುಡಿಯಲು ಪೂರ್ತಿ ಆಗುವುದೇ ಇಲ್ಲವೋ, ಹಳೇ ಕೆಲಸವನ್ನೇ ಮಾಡಬಹುದೋ, ಅಥವಾ ಅದು ಬಿಟ್ಟು ಬೇರೆ ಏನಾದರೂ ಸಣ್ಣಪುಟ್ಟ ಕೆಲಸ ಮಾಡಿ ಬದುಕಬಹುದೋ? ಈ ಕ್ರಮದಲ್ಲಿ ಕೇಳಿಕೊಳ್ಳಿ ಅನ್ನುತ್ತದೆ ಕೋರ್ಟು. ಎಡಗೈ ಕಳೆದುಕೊಂಡ ಡ್ರೈವರಿಗೋ ಬಡಗಿಗೋ ಗಳಿಕೆ ನಷ್ಟ ಹೆಚ್ಚುಕಮ್ಮಿ ಶೇ 100 ಆಗಬಹುದು. ಅದೇ ಗಾಯ ಸರ್ಕಾರಿ ಗುಮಾಸ್ತನಿಗೆ ಆಗಿ, ಕೆಲಸ, ಸಂಬಳ ಎರಡೂ ಉಳಿದರೆ ಈ ಬಾಬ್ತಿನಲ್ಲಿ ಏನೂ ಸಿಗದೇ ಹೋಗಬಹುದು. ಆದರೆ ಕೈ ಇಲ್ಲದೆ ಬದುಕುವ ಕಷ್ಟಕ್ಕೆ, ಅಂದರೆ ಜೀವನ ಸೌಕರ್ಯದ ನಷ್ಟಕ್ಕೆ, ಅವನಿಗೂ ಪರಿಹಾರ ಉಂಟು. ಅದು ಬೇರೆ ಬಾಬ್ತು. ಬೆರೆಸಬೇಡಿ.

ನನಗೆ ತುಂಬಾ ಮುಖ್ಯ ಅನ್ನಿಸುವುದು ನಮ್ಮ ಕರ್ನಾಟಕದಿಂದಲೇ ಹೋಗಿ 2014ರಲ್ಲಿ ವರದಿಯಾದ ಒಬ್ಬ ತರಕಾರಿ ವ್ಯಾಪಾರಿಯ ಕೇಸು. ಅವನ ಬಲಗಾಲು ಕತ್ತರಿಸಬೇಕಾಯಿತು. ತರಕಾರಿಯನ್ನು ಒಂದೇ ಕಡೆ ಕೂತು ಮಾರಬಹುದಲ್ಲ, ಓಡಾಟ ಅಷ್ಟೇನೂ ಬೇಕಿಲ್ಲ ಅನ್ನುವುದು ಹೈಕೋರ್ಟಿನ ನೋಟವಾಗಿತ್ತು. ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಸಗಟು ಮಾರುಕಟ್ಟೆಗೋ ರೈತರ ಹತ್ತಿರವೋ ಹೋಗಿ ಮಾಲು ತರಬೇಕು, ಎಷ್ಟೋ ಸಲ ಗಾಡಿ ತಳ್ಳಿಕೊಂಡು ಮಾರಬೇಕು, ಕೂತೇ ಮಾರುತ್ತಾನೆ ಅಂದುಕೊಂಡರೂ ಮಾಲನ್ನು ಅಲ್ಲಿಯವರೆಗೆ ತರುವವರು ಯಾರು ಅಂತ ಯೋಚಿಸಿ ನಷ್ಟವನ್ನು ಶೇ 85ಕ್ಕೆ ನಿಗದಿ ಮಾಡಿತು. ಕಸುಬನ್ನು ಹೀಗೆ ಬಿಡಿಸಿ ನೋಡುವುದೇ ಈ ವಿಷಯದ ಜೀವ. ‘ವ್ಯಾಪಾರಿ’, ‘ಕೂಲಿ’ ಅಂತ ಒಂದೇ ಪದ ಬರೆದು ಸುಮ್ನೆ ಮುಂದೆ ಹೋಗುವ ಅರ್ಜಿಯಲ್ಲಿ ಗಾಯಾಳುವಿಗೆ ನಿಜಕ್ಕೂ ಅನ್ಯಾಯವಾಗುತ್ತದೆ.

ಈಗ ಲೆಕ್ಕ. 32 ವರ್ಷದ ಗಾರೆ ಕೆಲಸದವನು ಅಂತ ಇಟ್ಟುಕೊಳ್ಳಿ, ತಿಂಗಳಿಗೆ 15,000 ರೂಪಾಯಿ ದುಡಿಮೆ. ಪ್ರಣಯ್ ಸೇಥಿ ತೀರ್ಪಿನ (2017) ಪ್ರಕಾರ ಸ್ವಂತ ದುಡಿಮೆಯವನಿಗೆ 40 ವರ್ಷದೊಳಗೆ ಇದ್ದರೆ ಮುಂದಿನ ಆದಾಯ ಹೆಚ್ಚಳ ಅಂತ ಶೇ 40 ಸೇರಿಸಬೇಕು. 21,000 ಆಯಿತು. ವರ್ಷಕ್ಕೆ 2,52,000. ಸರಳಾ ವರ್ಮಾ ತೀರ್ಪಿನ (2009) ಪಟ್ಟಿಯಲ್ಲಿ 31ರಿಂದ 35 ವಯಸ್ಸಿಗೆ ಮಲ್ಟಿಪ್ಲಯರ್, ಅಂದರೆ ವರ್ಷದ ಆದಾಯವನ್ನು ವಯಸ್ಸಿಗೆ ತಕ್ಕಂತೆ ಎಷ್ಟರಿಂದ ಗುಣಿಸಬೇಕು ಅನ್ನುವ ಸಂಖ್ಯೆ, 16. ಗುಣಿಸಿದರೆ 40,32,000. ಇದಕ್ಕೆ ಗಳಿಕೆ ನಷ್ಟದ ಶೇಕಡಾವಾರು ಹಾಕಬೇಕು.

ಇವನ ಕಾಲಿಗೆ ಶೇ 45 ಅಂಗವಿಕಲತೆ ಅಂತ ಡಾಕ್ಟರ್ ಬರೆದಿದ್ದಾರೆ. ನಮ್ಮ ರಾಜ್ಯದ ಎಷ್ಟೋ ತೀರ್ಪುಗಳಲ್ಲಿ ಇದರ ಮೂರನೇ ಒಂದು ಭಾಗವನ್ನು ಇಡೀ ದೇಹಕ್ಕೆ ಅಂತ ಹಿಡಿಯುತ್ತಾರೆ. ಅಂದರೆ ಶೇ 15. ಅದನ್ನೇ ಗಳಿಕೆ ನಷ್ಟ ಅಂತ ಹಾಕಿದರೆ ಬರುವುದು 6,04,800. ಆದರೆ ಸಾರವೆ ಹತ್ತಲು ಆಗಲ್ಲ, ಕುಕ್ಕರಗಾಲಲ್ಲಿ ಕೂರಲು ಆಗಲ್ಲ, ಸಿಮೆಂಟ್ ಬಾಂಡ್ಲಿ ಎತ್ತಲು ಆಗಲ್ಲ ಅಂತ ಸಾಕ್ಷ್ಯದಲ್ಲಿ ಬಂದು ನ್ಯಾಯಮಂಡಳಿ ಶೇ 40 ಒಪ್ಪಿದರೆ 16,12,800. ಗಾಯ ಅದೇ, ಡಾಕ್ಟರ್ ಬರೆದದ್ದೂ ಅದೇ. ವ್ಯತ್ಯಾಸ 10 ಲಕ್ಷಕ್ಕೂ ಜಾಸ್ತಿ!

ಸಾವಿನ ಕೇಸಿನ ಹಾಗೆ ಸ್ವಂತ ಖರ್ಚು ಅಂತ ಮೂರನೇ ಒಂದು ಭಾಗ ಕಳೆಯಬೇಡಿ. ಗಾಯಾಳು ಬದುಕಿದ್ದಾನೆ, ಅವನ ಖರ್ಚು ಅವನಿಗೆ ಇದ್ದೇ ಇದೆ ಅಲ್ವಾ. ಆದಾಯ ಹೆಚ್ಚಳ ಸಾವಿನ ಕೇಸಿಗೆ ಮಾತ್ರ ಅನ್ನುವ ವಾದವೂ ನಿಲ್ಲುವುದಿಲ್ಲ. ಬಲಗೈ ಕಳೆದುಕೊಂಡ ಡೇಟಾ ಎಂಟ್ರಿ ಆಪರೇಟರ್ ಒಬ್ಬನ ಕೇಸಿನಲ್ಲಿ 2020ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟ ಮಾಡಿತು, ಜೊತೆಗೆ ಹೈಕೋರ್ಟ್ ಶೇ 45ಕ್ಕೆ ಇಳಿಸಿದ್ದ ನಷ್ಟವನ್ನು ಶೇ 65ಕ್ಕೆ ಏರಿಸಿತು. ಆಸ್ಪತ್ರೆಯಲ್ಲಿ, ಮನೆಯಲ್ಲಿ ಮಲಗಿದ್ದ ತಿಂಗಳುಗಳ ಸಂಪಾದನೆ ಈ ಲೆಕ್ಕದಲ್ಲಿ ಸೇರಿಲ್ಲ, ಅದನ್ನು ಬೇರೆಯಾಗಿ ಕೇಳಬೇಕು.

ಆದಾಯಕ್ಕೆ ದಾಖಲೆ ಇಲ್ಲದಿದ್ದರೆ ಕರ್ನಾಟಕದಲ್ಲಿ ಸಾಮಾನ್ಯವಾಗಿ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರದ ಪಟ್ಟಿ ನೋಡಿ, ಅಪಘಾತವಾದ ವರ್ಷದ ಅಂದಾಜು ಆದಾಯ ಹಿಡಿಯುತ್ತಾರೆ. ಇನ್ನು ಡಾಕ್ಟರ್ ಸಾಕ್ಷ್ಯ. ಸರ್ಟಿಫಿಕೇಟ್ ಹಾಜರುಪಡಿಸಿದರೆ ಸಾಲದು, ಬರೆದ ಡಾಕ್ಟರ್ ಬಂದು ಪಾಟೀಸವಾಲಿಗೆ ನಿಲ್ಲಬೇಕು. ಚಿಕಿತ್ಸೆಯನ್ನೇ ಕೊಡದ ಡಾಕ್ಟರ್ ಧಾರಾಳವಾಗಿ ಬರೆದುಕೊಡುವ ಸರ್ಟಿಫಿಕೇಟುಗಳ ಬಗ್ಗೆ ರಾಜ್ ಕುಮಾರ್ ತೀರ್ಪು ಎಚ್ಚರಿಸಿದೆ. ಆ ಶೇಕಡಾವಾರು ಕಾಲಿಗೋ ಇಡೀ ದೇಹಕ್ಕೋ ಅಂತ ಡಾಕ್ಟರ್ ಬಾಯಿಂದಲೇ ಹೇಳಿಸಿ ದಾಖಲಿಸಿಕೊಳ್ಳಬೇಕು.