90 ಸೆಕೆಂಡಿನ ರೀಲು

1996ರ ಮೇ 23ರಂದು ಅಮೆರಿಕದ ಛಾಯಾಗ್ರಾಹಕ ಡೇವಿಡ್ ಬ್ರೆಶಿಯರ್ಸ್ ಎವರೆಸ್ಟ್ ತುದಿಯಲ್ಲಿ, ದೈತ್ಯ ತೆರೆಯ ಸಿನಿಮಾ ತೆಗೆಯುವ ಐಮ್ಯಾಕ್ಸ್ ಕ್ಯಾಮೆರಾ ಚಾಲೂ ಮಾಡಿದರು. ಸುಮಾರು 150 ಮೀಟರಿನ ರೀಲು ಒಂದೂವರೆ ನಿಮಿಷಕ್ಕೇ ಮುಗಿಯುತ್ತಿತ್ತು. ಐಮ್ಯಾಕ್ಸ್‌ನಲ್ಲಿ 65 ಮಿ.ಮೀ. ಫಿಲ್ಮ್ ಅಡ್ಡಡ್ಡ ಓಡುತ್ತದೆ. ಒಂದು ಚೌಕಟ್ಟಿಗೆ (ಒಂದು ಬಿಡಿ ಚಿತ್ರಕ್ಕೆ) ಫಿಲ್ಮಿನ ಅಂಚಿನ 15 ರಂಧ್ರಗಳಷ್ಟು ಉದ್ದ ಬೇಕು, ಸೆಕೆಂಡಿಗೆ 24 ಚೌಕಟ್ಟು. ಅಂದರೆ ಸೆಕೆಂಡಿಗೆ 1.7 ಮೀಟರ್ ಫಿಲ್ಮ್ ಖರ್ಚು. ಇಷ್ಟೇ ಉದ್ದದ, ಮಾಮೂಲಿ ಸಿನಿಮಾದ 35 ಮಿ.ಮೀ. ಫಿಲ್ಮ್ ಐದು ನಿಮಿಷ ದಾಟಿ ಓಡುತ್ತದೆ.

ಹಗುರಗೊಳಿಸಿದ ಮೇಲೂ ಲೆನ್ಸು, ಫಿಲ್ಮ್ ಸೇರಿ ಆ ಕ್ಯಾಮೆರಾ 19 ಕಿಲೋ ತೂಗುತ್ತಿತ್ತು. ಹೊತ್ತವರು ಶೆರ್ಪಾಗಳು, ಅವರಿಲ್ಲದೆ ಆ ಚಿತ್ರವೇ ಇಲ್ಲ. ಕಡುಚಳಿಗೆ ಗ್ರೀಸ್ ಗಟ್ಟಿಯಾಗುತ್ತದೆ, ರಬ್ಬರ್ ಬೆಲ್ಟ್ ಸೆಟೆಯುತ್ತದೆ. ಹಾಗಾಗಿ ಪ್ಲಾಸ್ಟಿಕ್ ಬೇರಿಂಗ್, ಸಿಂಥೆಟಿಕ್ ಬೆಲ್ಟ್ ಹಾಕಿದ್ದರು. ರೀಲು ತುಂಬುವುದು ಮಾತ್ರ ಬರಿಗೈಯಲ್ಲೇ. ಕೈಗವಸಿನ ಒಂದು ಎಳೆ ಒಳಗೆ ಸಿಕ್ಕರೂ ಫಿಲ್ಮ್ ಗೀರುತ್ತದೆ ಇಲ್ಲವೇ ಸಿಲುಕುತ್ತದೆ. ಚಳಿಯಲ್ಲಿ ಪೆಡಸಾದ ಫಿಲ್ಮ್ ಅವಸರಿಸಿದರೆ ಮುರಿಯುತ್ತದೆ.

ಬ್ರೆಶಿಯರ್ಸ್ ಮೊದಲು ಬಂಡೆ ಹತ್ತುವವರು, ಆಮೇಲೆ ಛಾಯಾಗ್ರಾಹಕ. ಈ ವೃತ್ತಿಗೆ ಅದೇ ಸರಿಯಾದ ಕ್ರಮ. ಆರೋಹಿಗಳ ಮುಖ ಬೇಕೆಂದರೆ ಅವರಿಗಿಂತ ಮೊದಲೇ ಮೇಲೇರಿ, ಹಗ್ಗಕ್ಕೆ ಆ್ಯಂಕರ್ ಹಾಕಿಕೊಂಡು ಕಾಯಬೇಕು. ಅವರು ದಾಟಿಹೋದ ಮೇಲೆ ಎಲ್ಲ ಕಟ್ಟಿಕೊಂಡು ಮತ್ತೆ ಮುಂದಕ್ಕೆ ಹೋಗಬೇಕು. ತುದಿಯಲ್ಲಿ ಗಾಳಿಯೊತ್ತಡ ಸಮುದ್ರಮಟ್ಟದ ಮೂರನೇ ಒಂದು ಪಾಲು. ಚಿತ್ರ ಅಲುಗದಿರಲೆಂದು ಉಸಿರು ಬಿಗಿಹಿಡಿಯುವುದೂ ಅಲ್ಲಿ ದುಬಾರಿ.

ಇಂದಿನ ಡಿಜಿಟಲ್ ಕ್ಯಾಮೆರಾ ಕೈಚೀಲದಲ್ಲಿ ಹಿಡಿಸುತ್ತದೆ, ಚಳಿಯ ಕಾಟ ತಪ್ಪಿಲ್ಲ. ಲಿಥಿಯಂ-ಅಯಾನ್ ಬ್ಯಾಟರಿಯೊಳಗೆ ಅಯಾನುಗಳ ಓಡಾಟ ನಿಧಾನವಾಗಿ ವೋಲ್ಟೇಜ್ ಕುಸಿಯುತ್ತದೆ. ಚಾರ್ಜ್ ಉಳಿದಿದ್ದರೂ ಕ್ಯಾಮೆರಾ ಆರಿಹೋಗುತ್ತದೆ. ಒಂದು ಬ್ಯಾಟರಿ ಕ್ಯಾಮೆರಾದಲ್ಲಿ, ಎರಡು ಒಳಜೇಬಿನಲ್ಲಿ, ಸರದಿಯಂತೆ ಬದಲಿಸಿ. ಮೈಬಿಸಿಗೆ ಸತ್ತಂತಿದ್ದದ್ದೂ ಎದ್ದು ಬರುತ್ತದೆ. ಆದರೆ 0 ಡಿಗ್ರಿಗಿಂತ ತಣ್ಣಗಿರುವಾಗ ಚಾರ್ಜ್ ಮಾಡಲೇಬೇಡಿ: ಲಿಥಿಯಂ ಲೋಹವಾಗಿ ಒಳಗೇ ಕೂತು ಬ್ಯಾಟರಿ ಶಾಶ್ವತವಾಗಿ ಕೆಡುತ್ತದೆ.

ತಣ್ಣಗಿನ ಕ್ಯಾಮೆರಾವನ್ನು ನೇರ ಬಿಸಿ ಟೆಂಟಿಗೆ ತಂದರೆ ಲೆನ್ಸಿನ ಮೇಲೆ, ಕೆಲವೊಮ್ಮೆ ಒಳಗೂ, ನೀರು ಕೂರುತ್ತದೆ. ಮತ್ತೆ ಹೊರಗೊಯ್ದರೆ ಅದೇ ಮಂಜುಗಡ್ಡೆ. ಹೊರಗಿರುವಾಗಲೇ ಗಾಳಿಯಾಡದ ಚೀಲದಲ್ಲಿ ಮುಚ್ಚಿ, ಒಳಗಿನ ಶಾಖಕ್ಕೆ ಬರುವ ತನಕ ಬಿಚ್ಚದಿರುವುದೇ ದಾರಿ.

ಬ್ರೆಶಿಯರ್ಸ್ 2007ರಲ್ಲಿ ಗ್ಲೇಸಿಯರ್‌ವರ್ಕ್ಸ್ ಸಂಸ್ಥೆ ಕಟ್ಟಿ, ಹಿಮಾಲಯದ ಹಳೆಯ ಫೋಟೋಗಳನ್ನು ತೆಗೆದ ಜಾಗಗಳಿಗೇ ಮರಳಿದರು. ಬ್ರಿಟಿಷ್ ಆರೋಹಿ ಜಾರ್ಜ್ ಮ್ಯಾಲರಿ 1921ರಲ್ಲಿ ಎವರೆಸ್ಟ್‌ನ ಉತ್ತರದ ರೋಂಗ್‌ಬುಕ್ ಹಿಮನದಿಯ ಚಿತ್ರ ತೆಗೆದ ನೆಲೆಯನ್ನೂ ಹುಡುಕಿದರು. ಹತ್ತಿರದ ಬಂಡೆ, ದೂರದ ಶಿಖರ ಹಳೆಯ ಚಿತ್ರದಲ್ಲಿರುವಂತೆಯೇ ಒಂದಕ್ಕೊಂದು ಕೂಡುವವರೆಗೆ ಹೆಜ್ಜೆ ಬದಲಿಸುತ್ತ ಹೋದರೆ ಅಂಥ ನೆಲೆ ಸಿಗುತ್ತದೆ. ಎರಡು ಚಿತ್ರ ಪಕ್ಕಪಕ್ಕ ಇಟ್ಟಾಗ, ಹಿಮನದಿಯ ಮೇಲ್ಮೈ ಕರಗಿ ಹತ್ತಿರಹತ್ತಿರ 100 ಮೀಟರ್ ಕೆಳಗಿಳಿದಿತ್ತು.